ಶಹನಾಯಿಯ ಸ್ವರಗಳನ್ನು ಕತ್ತರಿಸಿದ ದಿನಗಳು

ಪೀಣ್ಯದಲ್ಲಿ ನಾನು ಕೆಲಸ ಮಾಡುತ್ತಿದ್ದ ಕ್ಯಾಸೆಟ್ ಕಂಪನಿಯ ಒಂದು ಪಕ್ಕಕ್ಕೆ ಸ್ಕ್ರೂ ತಯಾರಿಸುವ ಶೆಡ್ಡು, ಇನ್ನೊಂದು ಪಕ್ಕಕ್ಕೆ ನಲ್ಲಿ, ಚಿಲಕಗಳಿಗೆ ಹೊಳಪಿನ ಲೇಪ ಕೊಡುವ ಶೆಡ್ಡು. ಲೇಪದ ಶೆಡ್ಡಿನಿಂದ ಹಸಿರು ನೀರು ಹರಿದು ಬಂದು ನಮ್ಮ ಬಾಗಿಲ ಮುಂದಿನ ಮೋರಿಗೆ ಬೀಳುತ್ತಿತ್ತು. ಅದರ ವಾಸನೆ ಮೂಗಿಗಿಂತ ಮೊದಲು ನಾಲಿಗೆಗೆ ತಾಗುತ್ತಿತ್ತು, ಕಬ್ಬಿಣದ ಮೊಳೆ ಚೀಪಿದ ಹಾಗೆ. ಮೋರಿಗೆ ಅಡ್ಡ ಹಾಕಿದ್ದ ಎರಡು ಹಲಗೆಗಳ ಮೇಲೆ, ಪಿಟೀಲಿನ ಪೆಟ್ಟಿಗೆಯನ್ನು ಎದೆಗೆ ಅವಚಿಕೊಂಡು, ಸೀರೆ ಎತ್ತಿ ಹಿಡಿದು ದಾಟಬೇಕಿತ್ತು. ಕೆಳಗಿನ ಹಾಲಿನಲ್ಲಿ ಕ್ಯಾಸೆಟ್ಟುಗಳಿಗೆ ನಕಲು ತೆಗೆಯುವ ಯಂತ್ರಗಳಿದ್ದವು. ಮೇಲಿನ ಮಹಡಿಯಲ್ಲಿ ರೆಕಾರ್ಡಿಂಗ್ ಕೋಣೆ. ಗೋಡೆಗೆಲ್ಲ ದಪ್ಪನೆಯ ಬಟ್ಟೆ ಹೊಡೆದು ಕಿಟಕಿಗಳನ್ನು ಶಾಶ್ವತವಾಗಿ ಮುಚ್ಚಿದ್ದರು. ಹೊರಗಿನ ಸದ್ದು ಒಳಗೆ ಬರುತ್ತಿರಲಿಲ್ಲ. ವಾಸನೆ ಮಾತ್ರ ಹೇಗೋ ಬರುತ್ತಿತ್ತು.

ನಾನು ದಾವಣಗೆರೆಯವಳು. ಹದಿನಾಲ್ಕು ವರ್ಷ ಒಬ್ಬರೇ ಗುರುಗಳ ಬಳಿ ಪಿಟೀಲು ಕಲಿತೆ. ಮದುವೆಯಾಗಿ ಬೆಂಗಳೂರಿಗೆ ಬಂದಾಗ ನನ್ನ ಗಂಡ ಪೀಣ್ಯದ ಒಂದು ಯಂತ್ರದ ಕಾರ್ಖಾನೆಯಲ್ಲಿ ಲೇತ್ ನಡೆಸುತ್ತಿದ್ದರು. ಬಾಗಲಗುಂಟೆಯಲ್ಲಿ ನಮ್ಮ ಮನೆ. ಕ್ಯಾಸೆಟ್ ಕಂಪನಿಗೆ ಪಿಟೀಲಿನವರು ಬೇಕಂತೆ ಎಂದು ಅವರೇ ಕೇಳಿಕೊಂಡು ಬಂದಿದ್ದರು. ಹಾಗೆ ನಾನು ಅಲ್ಲಿಗೆ ಸೇರಿದೆ. ನಾವು ನಾಲ್ಕು ಜನ ಪಿಟೀಲು, ಇಬ್ಬರು ತಬಲ, ಒಬ್ಬರು ಕೊಳಲು, ಒಬ್ಬರು ಶಹನಾಯಿ. ಭಕ್ತಿಗೀತೆ, ಜನಪದ ಗೀತೆ, ಮದುವೆ ಹಾಡು, ಹೀಗೆ ವಾರಕ್ಕೆ ಎರಡೋ ಮೂರೋ ರೆಕಾರ್ಡಿಂಗ್. ಹಾಡುಗಳಲ್ಲಿ ಅರ್ಧಕ್ಕರ್ಧ ಸಿನಿಮಾ ಧಾಟಿಗೆ ದೇವರ ಹೆಸರು ಅಂಟಿಸಿದವು. ಅವನ್ನು ನುಡಿಸುವಾಗ ನನಗೆ ಬೇಸರವಾಗುತ್ತಿತ್ತು. ಆಗ ಅದನ್ನು ಅಸಹ್ಯ ಎಂದುಕೊಂಡಿದ್ದೆ. ಅಸಹ್ಯ ಅಂದರೆ ಏನು ಅಂತ ನನಗೆ ಆಮೇಲೆ ಗೊತ್ತಾಯಿತು.

ಶಹನಾಯಿ ಮಾಸ್ತರರು ಗದಗಿನ ಕಡೆಯವರು. ಅರವತ್ತರ ಹತ್ತಿರದ ವಯಸ್ಸು. ತೆಳ್ಳಗೆ, ಬೆನ್ನು ನೆಟ್ಟಗೆ, ಬಿಳಿ ಧೋತರ, ಇಸ್ತ್ರಿಯಿಲ್ಲದ ಅಂಗಿ. ಊರ ಕಡೆಯಿಂದ ಕಟ್ಟಡದ ಕೆಲಸಕ್ಕೆಂದು ಬಂದ ತಮ್ಮ ಅಳಿಯ ಮತ್ತು ಮಗಳ ಜೊತೆ ಬಾಗಲಗುಂಟೆಯ ಒಂದು ವಠಾರದಲ್ಲಿ ಒಂದೇ ಕೋಣೆಯಲ್ಲಿದ್ದರು. ಹಾಗಾಗಿ ನಾವಿಬ್ಬರೂ ಒಂದೇ ಬಸ್ಸಿಗೆ ಕಾಯುತ್ತಿದ್ದೆವು. ಶಹನಾಯಿಯ ಬಾಯಿಗೆ ಸಿಕ್ಕಿಸುವ ಪುಟ್ಟ ಪೀಪಿಗಳನ್ನು ಒಂದು ಔಷಧಿ ಡಬ್ಬಿಯಲ್ಲಿಟ್ಟು ಅದನ್ನು ಅಂಗಿಯ ಜೇಬಿನಲ್ಲಿಟ್ಟುಕೊಂಡಿರುತ್ತಿದ್ದರು. ಅವರು ನುಡಿಸುವಾಗ ದನಿಯಲ್ಲಿ ಸಣ್ಣದೊಂದು ಒಡಕಿರುತ್ತಿತ್ತು. ಕೆಟ್ಟ ಒಡಕಲ್ಲ, ಅತ್ತು ಸುಮ್ಮನಾದವರು ಮಾತಾಡುವಾಗ ಇರುತ್ತದಲ್ಲ, ಅಂಥದ್ದು. ಎಷ್ಟೇ ಕೆಟ್ಟ ಹಾಡಾದರೂ ನಡುವೆ ಅವರ ಎರಡು ಸಾಲು ಬಂದರೆ ತಬಲದವರು ಕೂಡ ತಲೆಯೆತ್ತಿ ನೋಡುತ್ತಿದ್ದರು. ನನ್ನನ್ನು ತಂಗಿ ಎಂದು ಕರೆಯುತ್ತಿದ್ದರು.

ಒಂದು ಬೆಳಿಗ್ಗೆ ಮಾಲೀಕರು ನಮ್ಮನ್ನೆಲ್ಲ ಕೂರಿಸಿಕೊಂಡು ಮೈಸೂರುಪಾಕು ಹಂಚಿದರು. ಅವರು ಯಾವಾಗಲೂ ಹಾಗೆಯೇ. ಕೆಟ್ಟ ಸುದ್ದಿ ಹೇಳುವ ದಿನ ಸಿಹಿ ತರುತ್ತಿದ್ದರು. ಹಣೆಗೆ ಅಗಲವಾಗಿ ಕುಂಕುಮ, ಬಾಯ್ತುಂಬ ನಗು, ಎಲ್ಲರಿಗೂ ಗುರು ಗುರು ಎನ್ನುವ ಅಭ್ಯಾಸ. ಇನ್ನು ಮೇಲೆ ಕೀಬೋರ್ಡ್ ಬರುತ್ತದೆ, ಅದರಲ್ಲಿ ಐವತ್ತು ಪಿಟೀಲಿನ ದನಿ ಒಟ್ಟಿಗೇ ಬರುತ್ತದೆ, ನಿಮಗೆಲ್ಲ ತೊಂದರೆ ಕೊಡುವ ಹಾಗಿಲ್ಲ ಎಂದರು. ತೊಂದರೆ ಎಂದರೆ ಕೆಲಸ ಎಂದು ನಮಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಯಂತ್ರ ನಡೆಸಲು ಒಬ್ಬರನ್ನು ಇಟ್ಟುಕೊಳ್ಳುತ್ತೇನೆ, ಟೈಪಿಂಗ್ ಯಾರಿಗೆ ಬರುತ್ತದೆ ಎಂದು ಕೇಳಿದರು. ನಾನು ದಾವಣಗೆರೆಯಲ್ಲಿ ಇಂಗ್ಲಿಷ್ ಟೈಪಿಂಗ್ ಜೂನಿಯರ್ ಪರೀಕ್ಷೆ ಪಾಸು ಮಾಡಿದ್ದೆ. ಕೈ ಎತ್ತಿದೆ. ಉಳಿದ ಮೂವರು ಪಿಟೀಲಿನವರು ಅಂದೇ ತಮ್ಮ ಪೆಟ್ಟಿಗೆ ಎತ್ತಿಕೊಂಡು ಹೋದರು. ಅವರಲ್ಲಿ ಇಬ್ಬರು ನನಗಿಂತ ಚೆನ್ನಾಗಿ ನುಡಿಸುತ್ತಿದ್ದರು. ಹೋಗುವಾಗ ಒಬ್ಬಾಕೆ ನನ್ನ ಭುಜ ತಟ್ಟಿ, ನಿಮ್ಮದಾದರೂ ಉಳೀತಲ್ಲ ಬಿಡಿ ಅಂದಳು. ಬಾಯಲ್ಲಿದ್ದ ಮೈಸೂರುಪಾಕನ್ನು ನಾನು ನುಂಗಲಾರದೆ ಕರ್ಚೀಫಿಗೆ ಉಗಿದೆ.

ಕಲಿಯುವುದೇನೂ ಸುಲಭವಿರಲಿಲ್ಲ. ಊರೊಳಗಿನ ಹೋಟೆಲೊಂದರಲ್ಲಿ ಕೀಬೋರ್ಡ್ ನುಡಿಸುತ್ತಿದ್ದ ಒಬ್ಬ ಯುವಕನನ್ನು ಮಾಲೀಕರು ಎರಡು ವಾರಕ್ಕೆ ಗೊತ್ತುಮಾಡಿದ್ದರು. ಅವನು ಬಂದು ಬಟನ್ನುಗಳನ್ನು ಪಟಪಟನೆ ಒತ್ತಿ ತೋರಿಸಿ, ಗೊತ್ತಾಯ್ತಾ ಮೇಡಂ, ಸಿಂಪಲ್ ಅನ್ನುತ್ತಿದ್ದ. ನನಗೆ ಏನೂ ಗೊತ್ತಾಗುತ್ತಿರಲಿಲ್ಲ. ಅವನು ಹೋದ ಮೇಲೆ ಯಂತ್ರದ ಜೊತೆ ಬಂದ ಪುಸ್ತಕವನ್ನು ಡಿಕ್ಷನರಿ ಇಟ್ಟುಕೊಂಡು ಓದುತ್ತಿದ್ದೆ. ಹದಿನಾಲ್ಕು ವರ್ಷ ಎಡಗೈಯ ಬೆರಳ ತುದಿ ಸವೆಸಿ ಕಲಿತದ್ದು ಅಲ್ಲಿ ಯಾವ ಉಪಯೋಗಕ್ಕೂ ಬರಲಿಲ್ಲ. ಕೀಲಿಯನ್ನು ಒತ್ತಿದರೆ ಸ್ವರ ಬರುತ್ತಿತ್ತು, ಬಿಟ್ಟರೆ ನಿಲ್ಲುತ್ತಿತ್ತು. ಒತ್ತಿದ ಬೆರಳು ಯಾರದಾದರೂ ಅದಕ್ಕೆ ಒಂದೇ. ಅದರೊಳಗಿದ್ದ ಪಿಟೀಲಿನ ದನಿ ಕೇಳಿದರೆ ನನಗೆ ಹಳಸಿದ ಪಾಯಸದ ನೆನಪಾಗುತ್ತಿತ್ತು. ಸಿಹಿಯೇನೋ ಇದೆ, ಆದರೆ ಬಾಯಿಗಿಡಲಾಗದು.

ಆದರೂ ಒಂದು ಮಾತು ಹೇಳಬೇಕು. ಮೂರು ತಿಂಗಳಲ್ಲಿ ನನ್ನ ಕೈ ಕುದುರಿತು. ತಾಳ ತಪ್ಪಿದ ಸ್ವರವನ್ನು ಎತ್ತಿ ಸರಿಯಾದ ಜಾಗಕ್ಕೆ ಕೂರಿಸಲು, ಒಂದು ಸಾಲನ್ನು ನುಡಿಸಿ ಹತ್ತು ಸಲ ಬರುವ ಹಾಗೆ ಮಾಡಲು ಬಂತು. ಅದರಲ್ಲಿ ಒಂದು ಸುಖವೂ ಇತ್ತು, ಇಲ್ಲವೆಂದು ಸುಳ್ಳು ಹೇಳಲಾರೆ. ಮನೆಯಲ್ಲಿ ನನ್ನ ಗಂಡನೂ ಅದೇ ಹೊತ್ತಿಗೆ ಕಂಪ್ಯೂಟರಿನಿಂದ ನಡೆಯುವ ಹೊಸ ಲೇತ್ ಕಲಿಯುತ್ತಿದ್ದರು. ಊಟಕ್ಕೆ ಕೂತಾಗ ಇಬ್ಬರೂ ಅದನ್ನೇ ಮಾತಾಡುತ್ತಿದ್ದೆವು. ಮಷೀನು ಕೂದಲೆಳೆಯಷ್ಟೂ ತಪ್ಪದೆ ಕೊರೆಯುವುದನ್ನು ಅವರು ಕಣ್ಣರಳಿಸಿ ವರ್ಣಿಸುತ್ತಿದ್ದರು. ನನಗೆ ಹಾಗೆ ಹೆಮ್ಮೆಪಡಲು ಆಗುತ್ತಿಲ್ಲ ಎಂದಾಗ ಅವರಿಗೆ ನಿಜಕ್ಕೂ ಅರ್ಥವಾಗಲಿಲ್ಲ.

"ಕಲಿತದ್ದಕ್ಕೆ ಯಾಕೆ ಹಿಂಗೆ ಮುಖ ಸೊಟ್ಟ ಮಾಡ್ತೀಯ? ಕಬ್ಬಿಣ ಆದ್ರೇನು ಸಂಗೀತ ಆದ್ರೇನು, ಕೆಲಸ ಕೆಲಸಾನೇ ಕಣೇ" ಎಂದರು.

ಕಬ್ಬಿಣಕ್ಕೆ ಹೇಸಿಗೆಯಾಗುವುದಿಲ್ಲ ರೀ ಎಂದು ನಾನು ಹೇಳಿದ್ದು ಅವರಿಗೆ ತಮಾಷೆಯಾಗಿ ಕೇಳಿಸಿತು.

ಮಾರನೆಯ ವರ್ಷ ಮಾಲೀಕರು ಇನ್ನೊಂದು ಯಂತ್ರ ತಂದರು. ಸ್ಯಾಂಪ್ಲರ್ ಎನ್ನುತ್ತಿದ್ದರು. ಯಾವ ವಾದ್ಯದ ದನಿಯನ್ನಾದರೂ ಅದರೊಳಗೆ ತುಂಬಿ, ಫ್ಲಾಪಿಯಲ್ಲಿ ಇಟ್ಟುಕೊಂಡು, ಬೇಕಾದಾಗ ಕೀಬೋರ್ಡಿನ ಕೀಲಿಗಳಲ್ಲಿ ನುಡಿಸಬಹುದು. ಅದು ಬಂದ ದಿನ ಅದಕ್ಕೆ ಅರಿಶಿನ ಕುಂಕುಮ ಹಚ್ಚಿ, ಮುಂದೆ ನಿಂಬೆಹಣ್ಣು ಇಟ್ಟು, ಕರ್ಪೂರ ಬೆಳಗಿದರು. ಆರತಿ ಎಲ್ಲರಿಗೂ ಬಂತು. ಶಹನಾಯಿ ಮಾಸ್ತರರೂ ಕಣ್ಣಿಗೊತ್ತಿಕೊಂಡರು.

ಎರಡು ದಿನ ಬಿಟ್ಟು ಮಾಲೀಕರು ನನ್ನನ್ನು ಒಳಗೆ ಕರೆದು ಹೇಳಿದರು. ಮಾಸ್ತರರ ಕೈಲಿ ಹಾಡು ಬೇಡ, ಬರೀ ಸ್ವರ ಊದಿಸಿ. ಕೆಳಗಿನಿಂದ ಮೇಲಿನವರೆಗೆ ಒಂದೊಂದು ಸ್ವರ, ಒಮ್ಮೆ ಮೆತ್ತಗೆ, ಒಮ್ಮೆ ಜೋರಾಗಿ. ಯಾಕೆ ಎಂದು ಕೇಳಿದರೆ ಮೈಕ್ ಟೆಸ್ಟಿಂಗ್ ಅನ್ನಿ. ನಾನು ಏನೋ ಹೇಳಲು ಹೋದೆ. ಅವರು ನಗುತ್ತಲೇ ಮಾತು ಮುಗಿಸಿದರು.

"ಮೇಡಂ, ನೀವು ಊದಿಸ್ತೀರಾ, ಇಲ್ಲ ಆ ಹೋಟೆಲ್ ಹುಡುಗನ್ನ ಕರೆಸ್ಲಾ? ಅವ್ನು ಪರ್ಮನೆಂಟಾಗಿ ಬರ್ತೀನಿ ಅಂತಿದಾನೆ."

ನಾನು ಊದಿಸಿದೆ. ಮಾಸ್ತರರು ಕುರ್ಚಿಯಲ್ಲಿ ಕೂರಲಿಲ್ಲ, ಎಂದಿನ ಹಾಗೆ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತರು. ಅವರಿಗೆ ಆ ದಿನ ಸ್ವಲ್ಪ ನೆಗಡಿಯಿತ್ತು. ನಡುವಿನ ಗಾಜಿನ ಗೋಡೆಯ ಈಚೆ ನಾನು. ಷಡ್ಜ ಊದಿದರು. ಕೈ ತೋರಿಸಿ ನಿಲ್ಲಿಸಿದೆ. ರಿಷಭ, ನಿಲ್ಲಿಸಿದೆ. ಗಾಂಧಾರ, ನಿಲ್ಲಿಸಿದೆ. ಪ್ರತಿ ಸಲ ನಿಲ್ಲಿಸಿದಾಗಲೂ ಅವರ ಬೆರಳುಗಳು ಮುಂದಿನ ಸ್ವರಕ್ಕೆ ತಾವೇ ಹೊರಟು, ನಾಚಿ ಹಿಂದಕ್ಕೆ ಬರುತ್ತಿದ್ದವು. ಅರ್ಧ ಗಂಟೆಯಾದ ಮೇಲೆ ಶಹನಾಯಿ ತೊಡೆಯ ಮೇಲಿಟ್ಟು ಕೇಳಿದರು.

"ಇದೇನ್ ತಂಗಿ, ಬರೇ ಒಂದೊಂದ ಸ್ವರ ಊದಸ್ಲಿಕ್ಕೆ ಹತ್ತೀ. ಹಾಡು ಎಲ್ಲೈತಿ?"

"ಮೈಕ್ ಟೆಸ್ಟಿಂಗ್ ಮಾಸ್ತರ್ರೇ" ಎಂದೆ. ನನ್ನ ದನಿ ಅಷ್ಟು ಸಹಜವಾಗಿ ಬಂದದ್ದಕ್ಕೆ ನನಗೇ ಆಶ್ಚರ್ಯವಾಯಿತು.

ಅವರು ತಲೆಯಾಡಿಸಿ ಮತ್ತೆ ಊದಿದರು. ಮಧ್ಯಾಹ್ನದ ಹೊತ್ತಿಗೆ ಎಲ್ಲ ಮುಗಿಯಿತು. ಇವತ್ತು ಕೆಲಸ ಹಗುರವಾಗಿತ್ತು, ಮೈಕು ಛಲೋ ಐತಿ ಏನು ಎಂದು ವಿಚಾರಿಸಿ ಬಸ್ಸಿಗೆ ಹೋದರು.

ಆಮೇಲಿನ ಒಂದು ವಾರ ನಾನು ಕೂತು ಆ ಸ್ವರಗಳನ್ನು ಶುಚಿ ಮಾಡಿದೆ. ಹಾಗೆನ್ನುವುದು ನಮ್ಮ ಕೆಲಸದ ಮಾತು. ಸ್ವರ ಹುಟ್ಟುವ ಮೊದಲು ಅವರು ಉಸಿರು ಎಳೆದುಕೊಳ್ಳುವ ಸದ್ದು ಇರುತ್ತಿತ್ತು, ತುಟಿ ಪೀಪಿಗೆ ತಾಗುವ ಸಣ್ಣ ಪಿಸುದನಿ ಇರುತ್ತಿತ್ತು, ಕೊನೆಯಲ್ಲಿ ಮೂಗೆಳೆಯುವ ಸದ್ದು. ಎಲ್ಲವನ್ನೂ ಕತ್ತರಿಸಿದೆ. ಎಲ್ಲಿ ಕತ್ತರಿಸಿದರೆ ಕತ್ತರಿಸಿದ್ದು ತಿಳಿಯುವುದಿಲ್ಲ ಎಂಬುದು ನನಗೆ ಚೆನ್ನಾಗಿ ಗೊತ್ತಾಗುತ್ತಿತ್ತು. ಸಂಗೀತ ಕಲಿತ ಕಿವಿ ಅಲ್ಲಿ ಬಹಳ ಉಪಯೋಗಕ್ಕೆ ಬಂತು. ಹೋಟೆಲಿನ ಯುವಕ ಬಂದಿದ್ದರೆ ಅಷ್ಟು ನಯವಾಗಿ ಮಾಡುತ್ತಿರಲಿಲ್ಲ. ಕೋಳಿ ಅಂಗಡಿಯಲ್ಲಿ ಪುಕ್ಕ ಕಿತ್ತು ಸಾಲಾಗಿ ನೇತುಹಾಕುತ್ತಾರಲ್ಲ, ಹಾಗೆ ಸ್ವರಗಳು ಕೀಲಿಗಳ ಮೇಲೆ ಸಾಲಾಗಿ ಬಂದು ನಿಂತವು. ಆ ವಾರದಿಂದ ನನಗೆ ಆ ಕಟ್ಟಡದೊಳಗೆ ಊಟ ಸೇರುವುದು ನಿಂತಿತು. ಡಬ್ಬಿಯನ್ನು ತೆಗೆದುಕೊಂಡು ಬಸ್ ನಿಲ್ದಾಣಕ್ಕೆ ಹೋಗಿ ನಿಂತುಕೊಂಡೇ ತಿಂದು ಬರುತ್ತಿದ್ದೆ. ಎಲ್ಲರೂ ಲೇಪದ ಶೆಡ್ಡಿನ ವಾಸನೆಗೆ ಎಂದುಕೊಂಡರು.

ಮಾಸ್ತರರಿಗೆ ಕರೆ ಹೋಗುವುದು ನಿಂತಿತು. ಬಸ್ ನಿಲ್ದಾಣದಲ್ಲಿ ಒಂದೆರಡು ಸಲ ಸಿಕ್ಕಾಗ, ಈಗ ರೆಕಾರ್ಡಿಂಗ್ ಕಡಿಮೆ ಏನು ಎಂದು ಕೇಳಿದರು. ಹೌದು, ಕಡಿಮೆ ಎಂದೆ. ಆಮೇಲೆ ಅವರು ಬರುವ ಹೊತ್ತು ತಿಳಿದುಕೊಂಡು ನಾನು ಅದಕ್ಕಿಂತ ಮುಂಚಿನ ಬಸ್ಸಿಗೇ ಹೋಗತೊಡಗಿದೆ.

ಮದುವೆಗಳ ಕಾಲ ಹತ್ತಿರ ಬಂದಾಗ ಮಾಲೀಕರಿಗೆ ಒಂದು ಯೋಚನೆ ಹೊಳೆಯಿತು. ಛತ್ರಗಳಲ್ಲಿ ಇಡೀ ದಿನ ಹಾಕಲು ಬರುವ ಹಾಗೆ ಶಹನಾಯಿಯ ಕ್ಯಾಸೆಟ್ ಮಾಡೋಣ ಎಂದರು. ನಾನು ನುಡಿಸಬೇಕು, ಮಾಸ್ತರರ ದನಿ ಬರಬೇಕು. ನಾಲ್ಕು ರಾಗ ಆರಿಸಿದೆ. ಯಂತ್ರಕ್ಕೆ ಒಂದು ಸ್ವರದಿಂದ ಇನ್ನೊಂದಕ್ಕೆ ಜಾರುವುದು ಬರುತ್ತಿರಲಿಲ್ಲ. ಮೆಟ್ಟಿಲು ಹತ್ತಿದ ಹಾಗೆ ಒಂದೊಂದಾಗಿ ಹತ್ತುತ್ತಿತ್ತು. ನನ್ನಿಂದಾದಷ್ಟು ತೇಪೆ ಹಾಕಿದೆ. ಭೀಮಪಲಾಸ್ ರಾಗದ ಒಂದು ಕಡೆ ಮಾಲೀಕರು ಹಿಂದೆ ನಿಂತು ಕೇಳುತ್ತಿದ್ದರು. ಇಲ್ಲಿ ಖಾಲಿ ಖಾಲಿ ಅನ್ನಿಸುತ್ತದೆ, ಮಧ್ಯದ ಕೀಲಿಗಳನ್ನೂ ಒತ್ತಿ ತುಂಬಿಸಿ ಎಂದರು. ಆ ರಾಗದಲ್ಲಿ ಏರುವಾಗ ರಿಷಭವೂ ಇಲ್ಲ, ಧೈವತವೂ ಇಲ್ಲ. ಸಂಗೀತ ಒಂದು ವರ್ಷ ಕಲಿತವರಿಗೂ ಅದು ಗೊತ್ತು. ನಾನು ಹೇಳಿದೆ. ಮದುವೆಗೆ ಬಂದವರು ಊಟ ನೋಡುತ್ತಾರೋ ರಾಗ ನೋಡುತ್ತಾರೋ ಎಂದು ಕೇಳಿ ನಕ್ಕರು. ನಾನು ಆ ಎರಡು ಸ್ವರಗಳನ್ನೂ ಒತ್ತಿದೆ. ನನಗೆ ಗೊತ್ತಿದ್ದೂ ಒತ್ತಿದೆ. ಸಾಲು ತುಂಬಿಕೊಂಡಿತು, ಮಾಲೀಕರಿಗೆ ಸಂತೋಷವಾಯಿತು.

ಕ್ಯಾಸೆಟ್ಟಿನ ಹೊದಿಕೆಗಳು ಅಚ್ಚಾಗಿ ಬಂದ ದಿನ ಕಟ್ಟು ಬಿಚ್ಚಿ ನೋಡಿದೆ. ಅದರ ಮೇಲೆ ಮಾಸ್ತರರ ಚಿತ್ರವಿತ್ತು. ಬಹಳ ಹಿಂದೆ ಅವರು ನಿಜವಾಗಿ ನುಡಿಸಿದ್ದ ಒಂದು ಕ್ಯಾಸೆಟ್ಟಿಗೆಂದು ತೆಗೆದ ಫೋಟೊ ಅದು. ತಲೆಗೆ ರುಮಾಲು, ಕೈಯಲ್ಲಿ ಶಹನಾಯಿ, ಕಣ್ಣು ಅರ್ಧ ಮುಚ್ಚಿದೆ. ನಾನು ಮಾಲೀಕರ ಬಳಿ ಹೋಗಿ ಇದು ಸರಿಯಲ್ಲ ಎಂದೆ. ಅವರು ನಿಜವಾಗಿಯೂ ನೊಂದವರ ಹಾಗೆ ನನ್ನನ್ನು ನೋಡಿದರು.

"ಏನ್ ಮೇಡಂ, ಪಾಪ ವಯಸ್ಸಾದೋರು, ಪಬ್ಲಿಸಿಟಿ ಕೊಟ್ಟಿದೀನಿ. ಅದೂ ತಪ್ಪಾ?"

ಕಟ್ಟನ್ನು ಮತ್ತೆ ಕಟ್ಟಿ ಕೆಳಗೆ ಕೊಟ್ಟು ಬಂದೆ. ಇಷ್ಟೇ ನಾನು ಮಾಡಿದ್ದು.

ಕ್ಯಾಸೆಟ್ ಚೆನ್ನಾಗಿ ಹೋಯಿತು. ದಾಸರಹಳ್ಳಿಯಿಂದ ಹಿಡಿದು ಹುಬ್ಬಳ್ಳಿಯವರೆಗೆ ಛತ್ರಗಳಲ್ಲಿ ಹಾಕುತ್ತಿದ್ದಾರೆ ಎಂದು ಮಾಲೀಕರು ಹೇಳುತ್ತಿದ್ದರು. ಎರಡು ತಿಂಗಳ ಮೇಲೆ, ಒಂದು ಬೆಳಿಗ್ಗೆ, ಮಾಸ್ತರರು ಮೆಟ್ಟಿಲು ಹತ್ತಿ ಬಂದರು. ಅವರ ಕೈಯಲ್ಲಿ ಶಹನಾಯಿ ಇರಲಿಲ್ಲ. ಜೇಬಿನಿಂದ ಒಂದು ಇನ್‌ಲ್ಯಾಂಡ್ ಪತ್ರ ತೆಗೆದು ನನ್ನ ಕೈಗೆ ಕೊಟ್ಟರು. ಅವರಿಗೆ ಶಹನಾಯಿ ಕಲಿಸಿದ ಗುರುಗಳ ಮಗ ಬರೆದದ್ದು. ಒಂದು ಮದುವೆಯಲ್ಲಿ ನಿಮ್ಮ ಕ್ಯಾಸೆಟ್ ಕೇಳಿದೆ, ಫೋಟೊ ನೋಡಿ ಸಂತೋಷಪಟ್ಟೆ, ಆದರೆ ಭೀಮಪಲಾಸಿನಲ್ಲಿ ಹಾಗೆ ಯಾಕೆ ನುಡಿಸಿದಿರಿ, ಅಪ್ಪ ನಿಮಗೆ ಹಾಗೆ ಕಲಿಸಿರಲಿಲ್ಲ, ಪಕ್ಕದಲ್ಲಿ ಕೂತಿದ್ದವರು ನಕ್ಕಾಗ ನನಗೆ ತಲೆ ಎತ್ತಲಾಗಲಿಲ್ಲ, ಬೆಂಗಳೂರಿಗೆ ಹೋದ ಮೇಲೆ ನಿಮಗೆ ಸಂಗೀತದ ಭಯ ಹೋಯಿತೆ ಎಂದು ಬರೆದಿದ್ದರು.

ನಾನು ಓದಿ ಮುಗಿಸುವವರೆಗೂ ಅವರು ಕಾದರು.

"ನಾನೂ ಒಂದ್ ಛತ್ರದಾಗ ನಿಂತು ಕೇಳಿ ಬಂದೆ ತಂಗಿ. ನಾ ನುಡಿಸಿದ್ದಲ್ಲ ಅದು. ಆದ್ರ ದನಿ ನಂದೈತಿ. ಅದು ಹೆಂಗಾತು, ನೀ ಹೇಳು" ಎಂದರು.

ಅವರನ್ನು ಕೀಬೋರ್ಡಿನ ಬಳಿ ಕರೆದುಕೊಂಡು ಹೋದೆ. ಫ್ಲಾಪಿಗಳನ್ನು ಹಾಕಿ ಅವರ ದನಿಯನ್ನು ಎಬ್ಬಿಸಿ ಒಂದು ಕೀಲಿ ಒತ್ತಿದೆ. ಮೈಕ್ ಟೆಸ್ಟಿಂಗ್ ಎಂದು ಹೇಳಿದ್ದು ಸುಳ್ಳು ಎಂದೆ. ಎಲ್ಲವನ್ನೂ ಹೇಳಿದೆ, ಆ ಎರಡು ಸ್ವರಗಳನ್ನು ಒತ್ತಿದ್ದು ನಾನೇ, ತಪ್ಪೆಂದು ಗೊತ್ತಿದ್ದೂ ಒತ್ತಿದೆ ಎಂಬುದನ್ನೂ ಹೇಳಿದೆ. ಅವರು ಬಗ್ಗಿ, ತೋರುಬೆರಳಿನಿಂದ ತಾವೇ ಒಂದು ಕೀಲಿ ಮುಟ್ಟಿದರು. ಅವರ ಷಡ್ಜ ಬಂತು. ಬೆರಳನ್ನು ತಕ್ಷಣ ಎಳೆದುಕೊಂಡರು. ಮತ್ತೆ ಮುಟ್ಟಲಿಲ್ಲ. ಧೋತರದ ಅಂಚಿಗೆ ಆ ಬೆರಳನ್ನು ಒರೆಸಿಕೊಂಡರು.

"ದನಿ ಒಯ್ದೀರಿ, ಒಯ್ಯಿರಿ. ಹೊಟ್ಟಿಪಾಡು, ನಿಂದೂ ಅಷ್ಟ, ನಂದೂ ಅಷ್ಟ. ಆದ್ರ ನಾ ಎಂದೂ ಮಾಡದ ತಪ್ಪನ್ನ ನನ್ನ ಬಾಯಾಗ ಇಟ್ಟಿಯಲ್ಲ. ಈಗ ಗುರುಗಳ ಮನಿಗೆ ನಾ ಏನಂತ ಬರೀಲಿ? ಮಿಷೀನು ನುಡಿಸೇತಿ ಅಂತ ಬರದ್ರ ಯಾರು ನಂಬ್ತಾರ?"

ನಾನೇ ಬರೆಯುತ್ತೇನೆ, ನಿಮ್ಮ ಗುರುಗಳ ಮಗನಿಗೆ ನಾನೇ ಎಲ್ಲ ತಿಳಿಸುತ್ತೇನೆ ಎಂದೆ. ಅಷ್ಟರಲ್ಲಿ ಮಾಲೀಕರು ಬಂದರು. ಮಾಸ್ತರರನ್ನು ನೋಡಿ ಕೈ ಹಿಡಿದುಕೊಂಡು, ಈಗ ನೀವು ಊರೆಲ್ಲ ಫೇಮಸ್ ಎಂದರು. ಕಾಫಿ ತರಿಸಿದರು. ಒಳ್ಳೆಯ ವೇಳೆಗೇ ಬಂದಿರಿ, ಜಾರು ಸ್ವರಗಳೂ ಬೇಕಾಗಿವೆ, ಇನ್ನೊಂದು ದಿನ ಬಂದು ಅವನ್ನೂ ಊದಿ ಕೊಟ್ಟುಬಿಡಿ ಎಂದು ಕೇಳಿದರು. ಇದನ್ನು ಅವರು ನಾಚಿಕೆಯಿಲ್ಲದೆ ಕೇಳಿದರು ಎಂದರೆ ತಪ್ಪಾದೀತು. ಅವರಿಗೆ ಅದರಲ್ಲಿ ನಾಚಿಕೆಪಡುವಂಥದ್ದು ಏನಾದರೂ ಇದೆ ಎಂಬುದೇ ತಿಳಿದಿರಲಿಲ್ಲ. ಮಾಸ್ತರರು ಅವರಿಗೆ ಕೈ ಮುಗಿದರು. ಕಾಫಿ ಮುಟ್ಟದೆ, ಪತ್ರವನ್ನು ಮಡಚಿ ಜೇಬಿನಲ್ಲಿಟ್ಟುಕೊಂಡು, ಮೆಟ್ಟಿಲಿಳಿದು ಹೋದರು. ಹಲಗೆಗಳ ಮೇಲೆ ಮೋರಿ ದಾಟುವುದನ್ನು ನಾನು ಬಾಗಿಲಿನಿಂದ ನೋಡಿದೆ.

ಅಂದೇ ಮನೆಗೆ ಹೋಗಿ ಆ ಪತ್ರ ಬರೆದೆ. ಪಿಟೀಲು ಕಲಿತ ನಾನು ಎಂದು ಶುರುಮಾಡಿ, ಆ ಮಾತನ್ನು ಹೊಡೆದು ಹಾಕಿ, ಈ ಕಂಪನಿಯಲ್ಲಿ ಯಂತ್ರ ನಡೆಸುವ ನಾನು ಎಂದು ಬರೆದೆ. ಇನ್‌ಲ್ಯಾಂಡಿನ ಹಿಂದೆ ಇದ್ದ ವಿಳಾಸ ನನಗೆ ನೆನಪಿತ್ತು. ಉತ್ತರ ಬರಲಿಲ್ಲ.

ಮುಂದಿನ ವಾರ ಮಾಲೀಕರು ಮದರಾಸಿಗೆ ಹೋಗಿದ್ದ ದಿನ, ಮಧ್ಯಾಹ್ನ, ಮಾಸ್ತರರ ದನಿಯಿದ್ದ ಹನ್ನೊಂದು ಫ್ಲಾಪಿಗಳನ್ನು ತೆಗೆದುಕೊಂಡು ಕೂತೆ. ಒಂದೊಂದಾಗಿ ಯಂತ್ರಕ್ಕೆ ಹಾಕಿ ಅಳಿಸಿದೆ. ಪ್ರತಿ ಸಲವೂ ಯಂತ್ರ, ಖಂಡಿತವಾಗಿಯೂ ಅಳಿಸಬೇಕೇ ಎಂದು ಕೇಳುತ್ತಿತ್ತು. ಪ್ರತಿ ಸಲವೂ ಹೌದು ಎಂದು ಒತ್ತಿದೆ. ಬಹಳ ದಿನಗಳ ಮೇಲೆ ಆ ಕಟ್ಟಡದೊಳಗೆ ನನಗೆ ಹೊಟ್ಟೆ ಹಸಿದಿತ್ತು. ಕೆಲಸ ಹೋಗುತ್ತದೆ ಎಂದುಕೊಂಡೇ ಮಾಡಿದ್ದೆ. ಗಂಡನಿಗೂ ಹೇಳಿದೆ. ಅವರು, ಸರಿ, ಬೇರೆ ನೋಡೋಣ ಎಂದರು.

ಮಾಲೀಕರು ವಾಪಸ್ಸು ಬಂದಾಗ ನಾನೇ ಹೋಗಿ ಹೇಳಿದೆ. ಅವರು ಒಂದು ಕ್ಷಣ ನನ್ನನ್ನು ನೋಡಿ, ಹೊಟ್ಟೆ ಕುಲುಕುವ ಹಾಗೆ ನಕ್ಕರು.

"ಒಂದೇ ಕಾಪಿ ಇಟ್ಕೊಳ್ಳೋಕೆ ನಾನೇನ್ ದಡ್ಡನಾ ಮೇಡಂ? ಮನೇಲೊಂದು ಸೆಟ್ ಇದೆ. ಮದ್ರಾಸಲ್ಲಿ ಇಬ್ರಿಗೆ ಕೊಟ್ ಬಂದೆ. ಅವ್ರಿಗೆ ಸಕ್ಕತ್ ಇಷ್ಟ ಆಯ್ತು, ಯಾರು ಇಷ್ಟು ಕ್ಲೀನಾಗಿ ಕಟ್ ಮಾಡಿದ್ದು ಅಂತ ಕೇಳಿದ್ರು. ನಿಮ್ ಹೆಸರೇ ಹೇಳ್ದೆ."

ಬೈದಿದ್ದರೆ ನನಗೆ ಅಷ್ಟು ಹೇಸಿಗೆಯಾಗುತ್ತಿರಲಿಲ್ಲ. ಅವರು ನನ್ನನ್ನು ಕೆಲಸದಿಂದ ಬಿಡಿಸಲೂ ಇಲ್ಲ. ಕಾಫಿ ಕುಡೀರಿ ಎಂದರು. ನಾನು ಕುಡಿದೆ. ಎದ್ದು ಹೋಗಬೇಕಿತ್ತು, ಹೋಗಲಿಲ್ಲ. ಆ ವರ್ಷ ನನಗೆ ಬೇರೆ ಎಲ್ಲಿಯೂ ಕೆಲಸವಿರಲಿಲ್ಲ, ಪಿಟೀಲಿನವರು ಬೇಕೆಂದು ಯಾರೂ ಕೇಳುತ್ತಿರಲಿಲ್ಲ ಎಂಬುದು ನಿಜ. ಅದರ ಜೊತೆಗೆ ಇನ್ನೊಂದು ನಿಜವಿದೆ. ಮದರಾಸಿನವರು ಹೊಗಳಿದರು ಎಂದಾಗ ನನ್ನೊಳಗೆ ಒಂದು ಸಣ್ಣ ಸಂತೋಷ ಮಿಸುಕಾಡಿತ್ತು. ಅನ್ನದಲ್ಲಿ ಹುಳ ಕಂಡ ಹಾಗೆ ಅದನ್ನು ಕಂಡೆ. ಇಷ್ಟು ವರ್ಷಗಳಲ್ಲಿ ಮಾಲೀಕರ ಮೇಲಿನ ಅಸಹ್ಯ ಎಷ್ಟೋ ಮಾಸಿದೆ, ಆ ಒಂದು ಕ್ಷಣದ ಮೇಲಿನದು ಮಾಸಿಲ್ಲ.

ಇನ್ನೂ ಎರಡು ವರ್ಷ ಅಲ್ಲಿದ್ದೆ. ತಬಲದವರು ಹೋದರು, ಕೊಳಲಿನವರು ಹೋದರು. ಅವರ ದನಿಗಳನ್ನು ತೆಗೆದುಕೊಳ್ಳಲು ಹೇಳಿದಾಗ, ಏನು ಮಾಡುತ್ತಿದ್ದೇವೆ ಎಂದು ಅವರಿಗೆ ಮೊದಲೇ ಹೇಳಿಬಿಟ್ಟೆ. ಕೊಳಲಿನವರು ಊದದೆ ಎದ್ದು ಹೋದರು. ತಬಲದವರಲ್ಲಿ ಒಬ್ಬರು ತಿಳಿದೂ ನುಡಿಸಿ ಕೊಟ್ಟರು, ಹೆಂಗೂ ಹೋಗೋದೇ ತಾನೇ ಎಂದರು. ಮಾಲೀಕರಿಗೆ ನನ್ನ ಮೇಲೆ ಬೇಸರವಾಯಿತು, ಆದರೆ ಹೊರಗೆ ತೋರಿಸಲಿಲ್ಲ. ಸಿಹಿ ತರುವುದನ್ನು ಮಾತ್ರ ಬಿಟ್ಟರು.

ತೊಂಬತ್ತರ ದಶಕದ ಕೊನೆಯ ಹೊತ್ತಿಗೆ ಕಂಪ್ಯೂಟರಿನಲ್ಲೇ ದನಿ ಕತ್ತರಿಸಿ ಜೋಡಿಸುವುದು ಬಂತು. ಅದನ್ನು ನನ್ನ ಖರ್ಚಿನಲ್ಲಿ, ಭಾನುವಾರಗಳಲ್ಲಿ, ರಾಜಾಜಿನಗರದ ಒಂದು ತರಬೇತಿ ಕೇಂದ್ರಕ್ಕೆ ಹೋಗಿ ಕಲಿತೆ. ನನ್ನ ಜೊತೆ ಕೂತವರೆಲ್ಲ ನನಗಿಂತ ಹತ್ತು ಹದಿನೈದು ವರ್ಷ ಚಿಕ್ಕವರು, ಆಂಟಿ ಎಂದು ಕರೆಯುತ್ತಿದ್ದರು. ಅಲ್ಲಿಂದ ಎಲೆಕ್ಟ್ರಾನಿಕ್ ಸಿಟಿಯ ಒಂದು ಕಂಪನಿಯಲ್ಲಿ ಕೆಲಸ ಸಿಕ್ಕಿತು. ಮಕ್ಕಳಿಗೆ ಪಾಠ ಹೇಳುವ ಸಿ.ಡಿ.ಗಳನ್ನು ಮಾಡುತ್ತಿದ್ದರು. ಯಾರೋ ಓದಿದ ಪಾಠದಲ್ಲಿ ತೊದಲು, ಕೆಮ್ಮು ತೆಗೆದು ಸರಿಮಾಡುವುದು ನನ್ನ ಕೆಲಸ. ಓದಿದವರಿಗೆ ಏನು ಮಾಡುತ್ತಾರೆಂದು ಗೊತ್ತಿತ್ತು, ಅವರು ಒಪ್ಪಿಯೇ ಓದಿದ್ದರು. ಬಾಗಲಗುಂಟೆಯಿಂದ ಊರಿನ ಇನ್ನೊಂದು ತುದಿಗೆ ಹೋಗಲು ಮೂರು ಬಸ್ಸು ಬದಲಿಸಬೇಕಿತ್ತು. ಹೋದೆ. ಅಲ್ಲಿ ಕ್ಯಾಂಟೀನಿನಲ್ಲಿ ಕೂತು ಊಟ ಮಾಡಲು ನನಗೆ ಅಡ್ಡಿಯಾಗಲಿಲ್ಲ.

ಆ ಕೆಲಸಕ್ಕೆ ಸೇರಿದ ಮೊದಲ ವರ್ಷದಲ್ಲೇ, ಒಂದು ಭಾನುವಾರ ಸಂಜೆ, ತರಕಾರಿ ತರಲು ಹೋಗಿದ್ದಾಗ ಹೆಸರಘಟ್ಟ ರಸ್ತೆಯ ಒಂದು ಛತ್ರದ ಮುಂದೆ ಬ್ಯಾಂಡಿನವರು ನಿಂತಿದ್ದರು. ಕೆಂಪು ಕೋಟು, ಭುಜದ ಮೇಲೆ ಚಿನ್ನದ ಬಣ್ಣದ ಕುಚ್ಚು. ಅವರಲ್ಲಿ ಒಬ್ಬರು ನನ್ನನ್ನು ನೋಡಿ ತಲೆಯಾಡಿಸಿದರು. ಹತ್ತಿರ ಹೋದ ಮೇಲೆ ಗುರುತು ಹತ್ತಿತು. ಮಾಸ್ತರರು. ಕೋಟು ಅವರಿಗೆ ಎರಡರಷ್ಟಿತ್ತು. ಕೈಯಲ್ಲಿ ಕ್ಲಾರಿಯೊನೆಟ್.

ಏನು ಮಾತಾಡುವುದೆಂದು ತಿಳಿಯದೆ, ಇದನ್ನು ಯಾವಾಗ ಕಲಿತಿರಿ ಎಂದು ಕೇಳಿದೆ. ಶಹನಾಯಿಗೆ ಈಗ ಯಾರೂ ಕರೆಯುವುದಿಲ್ಲ, ಛತ್ರದವರೆಲ್ಲ ಕ್ಯಾಸೆಟ್ ಹಾಕುತ್ತಾರೆ ಎಂದರು. ಯಾವ ಕ್ಯಾಸೆಟ್ ಎಂದು ನಾನು ಕೇಳಲಿಲ್ಲ, ಅವರೂ ಹೇಳಲಿಲ್ಲ. ಇದಕ್ಕೆ ಬೆರಳಿನಡಿ ಕೀಲಿಗಳಿವೆ, ಶಹನಾಯಿಗಿಂತ ಊದುವ ಬಗೆಯೇ ಬೇರೆ, ಕೈಗೆ ಹತ್ತಲು ಆರು ತಿಂಗಳು ಬೇಕಾಯಿತು ಎಂದು ವಿವರಿಸಿದರು. ಅದನ್ನು ಹೇಳುವಾಗ ಅವರ ಮುಖದಲ್ಲಿ ಒಂದಿಷ್ಟು ಉತ್ಸಾಹವಿತ್ತು. ಆಮೇಲೆ ತಮ್ಮ ಭುಜದ ಕುಚ್ಚನ್ನು ನೋಡಿಕೊಂಡರು.

"ಈ ವಯಸ್ಸಿನ್ಯಾಗ ಕಲಿಲಿಕ್ಕೆ ನಾಚಿಕಿ ಬರಲಿಲ್ಲ ತಂಗಿ. ಈ ಅಂಗಿ ಹಾಕ್ಕೊಳ್ಳಿಕ್ಕೆ ಬರ್ತೈತಿ."

ನಾನು ಅವರ ಗುರುಗಳ ಮನೆಗೆ ಪತ್ರ ಬರೆದಿದ್ದೆ ಎಂದೆ. ಗೊತ್ತು, ಗುರುಗಳ ಮಗ ಅದನ್ನು ನನಗೆ ಓದಿ ಹೇಳಿದರು, ಹಬ್ಬಕ್ಕೆ ಹೋದಾಗ ಒಳಗೆ ಕರೆದು ಊಟಕ್ಕೆ ಹಾಕಿದರು ಎಂದರು. ಅಷ್ಟೇ. ಅದಕ್ಕೆ ನನಗೇನೂ ಧನ್ಯವಾದ ಹೇಳಲಿಲ್ಲ. ಹೇಳಬೇಕಾಗಿಯೂ ಇರಲಿಲ್ಲ.

ಅಷ್ಟರಲ್ಲಿ ಮದುಮಗ ಕಾರಿನಿಂದ ಇಳಿದ. ಬ್ಯಾಂಡು ಶುರುವಾಯಿತು, ಯಾವುದೋ ಸಿನಿಮಾ ಹಾಡು. ಮದುಮಗನ ಗೆಳೆಯರು ಕುಣಿಯುತ್ತ ಬಂದು ಡಬ್ಬಿಗಳಿಂದ ಬಿಳಿ ನೊರೆ ಚಿಮ್ಮಿಸತೊಡಗಿದರು. ಒಬ್ಬ ಮಾಸ್ತರರ ಮುಖದ ಹತ್ತಿರ ಡಬ್ಬಿ ಹಿಡಿದು ಒತ್ತಿದ. ಗಡ್ಡ, ಕಿವಿ, ಕ್ಲಾರಿಯೊನೆಟ್ಟಿನ ತುದಿ ಎಲ್ಲ ನೊರೆ. ಸುತ್ತಲಿನವರು ಚಪ್ಪಾಳೆ ತಟ್ಟಿದರು. ನಾನು ನುಗ್ಗಿ ಹೋಗಿ ಅವನ ಕೈಯಿಂದ ಡಬ್ಬಿ ಕಿತ್ತುಕೊಂಡೆ. ಅವನು ನಕ್ಕು, ಮದುವೆ ಮನೆ ಆಂಟಿ, ಎಂಜಾಯ್ ಮಾಡಿ ಎಂದ. ಮಾಸ್ತರರು ಊದುವುದನ್ನು ನಿಲ್ಲಿಸಿರಲಿಲ್ಲ. ಕಣ್ಣಿನಲ್ಲೇ ಬೇಡ ಎಂದು ನನಗೆ ಸನ್ನೆ ಮಾಡಿದರು. ಒಂದು ಸಾಲು ಮುಗಿದಾಗ ತೋಳಿನಿಂದ ಬಾಯಿ ಒರೆಸಿಕೊಂಡು, ಮುಂದಿನ ಸಾಲು ಹಿಡಿದರು. ಆ ಹಾಡಿನಲ್ಲೂ ಅವರ ಸ್ವರ ಎಲ್ಲಿಯೂ ಜಾಗ ತಪ್ಪಲಿಲ್ಲ.

ದಿಬ್ಬಣ ಛತ್ರದೊಳಗೆ ಹೋಯಿತು. ಬ್ಯಾಂಡಿನವರನ್ನು ಹೊರಗೇ ನಿಲ್ಲಿಸಿ ಗೇಟು ಹಾಕಿಕೊಂಡರು. ಡಬ್ಬಿ ಇನ್ನೂ ನನ್ನ ಕೈಯಲ್ಲಿತ್ತು. ಅಗ್ಗದ ಸೆಂಟಿನ ವಾಸನೆ ಬರುತ್ತಿತ್ತು. ಅದನ್ನು ರಸ್ತೆ ಪಕ್ಕದ ತಿಪ್ಪೆಗೆ ಎಸೆದು, ಅಂಗಡಿಯಿಂದ ಒಂದು ಚೊಂಬು ನೀರು ಕೇಳಿ ತಂದೆ. ಮಾಸ್ತರರು ಫುಟ್‌ಪಾತಿನ ಕಲ್ಲಿನ ಮೇಲೆ ಕೂತು ಮೊದಲು ಕ್ಲಾರಿಯೊನೆಟ್ಟನ್ನು ಒರೆಸಿದರು, ಆಮೇಲೆ ಕೈ ಚಾಚಿದರು. ನಾನು ನೀರು ಹೊಯ್ಯುತ್ತ ನಿಂತೆ, ಅವರು ಮುಖ ತೊಳೆದುಕೊಂಡರು.